ನನ್ನ ಹೆಂಡತಿಯ ಒಂಬತ್ತು ಸಾವುಗಳು

ಬರೆಯಲಾಗದವರಿಗೆ ಒಂದು ಸುಖವಿದೆ. ಬರೆದಿದ್ದರೆ ಎಷ್ಟು ಚೆನ್ನಾಗಿ ಬರೆಯುತ್ತಿದ್ದರು ಎಂಬುದನ್ನು ಯಾರೂ ಪರೀಕ್ಷಿಸಲಾರರು. ಆ ಸುಖವನ್ನು ನಾನು ಈ ಪರದೇಶದ ಹ್ಯಾಮಿಲ್ಟನ್ನಿನಲ್ಲಿ ಆರು ವರ್ಷ ಅನುಭವಿಸಿದೆ. ನಮ್ಮ ಕನ್ನಡ ಕೂಟದ ಯುಗಾದಿ ಸಂಚಿಕೆಗೆಂದು ಆರಂಭಿಸಿದ ಕಥೆಯೊಂದು ಮೂರನೆಯ ವಾಕ್ಯದಲ್ಲಿ ಕೂತುಬಿಟ್ಟಿತ್ತು. ಮೊದಲ ವಾಕ್ಯ ತಿದ್ದಿದರೆ ಎರಡನೆಯದು ಮುನಿಸಿಕೊಳ್ಳುತ್ತಿತ್ತು. ಸಂಚಿಕೆಯ ಸಂಪಾದಕರು ಹುಬ್ಬಳ್ಳಿಯ ಇಮ್ತಿಯಾಜ್. ನಮ್ಮ ಬೀದಿಯ ಮೂಲೆಯಲ್ಲಿ ಡೇರಿ, ಅಂದರೆ ಹಾಲು ಬ್ರೆಡ್ಡಿನ ಚಿಲ್ಲರೆ ಅಂಗಡಿ, ಇಟ್ಟಿದ್ದಾರೆ. ನಾನು ಹೋದಾಗಲೆಲ್ಲ, "ಏನ್ರೀ ಸರ, ಈ ವರ್ಷಾನೂ ಮೂರ ಸಾಲೇನ್ರಿ? ನಾಕನೇದು ಮುಂದಿನ ವರ್ಷ ಬರತೈತೇನು?" ಎನ್ನುತ್ತಿದ್ದರು. ಕೊನೆಗೆ ಬ್ರೆಡ್ಡು ತಿನ್ನುವುದನ್ನೇ ಬಿಟ್ಟೆ.

ತಪ್ಪು ಪೂರ್ತಿ ನನ್ನದಲ್ಲ. ರೈತರ ಹಾಲಿನ ಮಾದರಿಗಳಲ್ಲಿ ಬ್ಯಾಕ್ಟೀರಿಯಾ ಹುಡುಕುವುದು ನನ್ನ ಉದ್ಯೋಗ. ಹುಟ್ಟಾ ಆತಂಕದವನಿಗೆ ಆತಂಕಕ್ಕೇ ಸಂಬಳ ಸಿಕ್ಕರೆ ಏನಾಗುತ್ತದೋ ಅದೇ ನನಗಾಗಿದೆ. ಯಾವ ವಾಕ್ಯ ಕಂಡರೂ ಇದರಲ್ಲಿ ಏನೋ ಕೆಟ್ಟಿದೆ ಅನ್ನಿಸುತ್ತದೆ. ಲೈಬ್ರರಿಯ ಶನಿವಾರದ ಬರವಣಿಗೆ ತರಗತಿಗೆ ನನ್ನನ್ನು ದಬ್ಬಿದವಳು ಹೆಂಡತಿ ವಸುಧಾ. ಅಲ್ಲಿನ ನಿವೃತ್ತ ಟೀಚರಮ್ಮ ಹೇಳಿಕೊಟ್ಟ ವಿಧಾನ ಬಹಳ ಸರಳ. ಬೆಳಿಗ್ಗೆ ಎದ್ದ ಕೂಡಲೇ ಇಪ್ಪತ್ತು ನಿಮಿಷ ಕೈ ನಿಲ್ಲಿಸದೆ ಬರೆಯಬೇಕು, ಬರೆದದ್ದನ್ನು ಹೊಡೆದುಹಾಕಕೂಡದು, ಯಾವುದನ್ನು ಬರೆಯಲು ಹೆದರಿಕೆಯೋ ಅದನ್ನೇ ಬರೆಯಬೇಕು. ಹೆದರಿಕೆಗೆ ನನ್ನಲ್ಲಿ ಯಾವ ಕೊರತೆ? ಭೂಕಂಪ, ಸೋರಲಿರುವ ಛಾವಣಿ, ಎಡಗೈಯ ಜೋಮು, ಮಗಳ ಸ್ನೇಹಿತ ತನ್ನ ಪಿಕಪ್ ಗಾಡಿ ಓಡಿಸುವ ರೀತಿ ಎಲ್ಲ ಸೇರಿ ಎರಡು ತಿಂಗಳಲ್ಲಿ ಮೂರು ನೋಟ್‌ಬುಕ್ ತುಂಬಿದವು. ಆರು ವರ್ಷದ ಕಥೆ ಒಂದು ವಾರದಲ್ಲಿ ಮುಗಿಯಿತು. ಇಮ್ತಿಯಾಜ್ ಫೋನ್ ಮಾಡಿ, "ಸರ, ಓದಿ ಕಣ್ಣಾಗ ನೀರು ಬಂತ್ರಿ. ಯಾರ ಕಡೆ ಬರಸಿದ್ರಿ?" ಎಂದರು.

ಅದೇ ವಾರ ವಸುಧಾಳ ಎದೆಯಲ್ಲಿ ಗಂಟು ಕಾಣಿಸಿಕೊಂಡಿತು. ಸೂಜಿ ಹಾಕಿ ಚೂರು ತೆಗೆದರು. ಫಲಿತಾಂಶಕ್ಕೆ ಹತ್ತು ದಿನ ಎಂದರು.

ಒಳ್ಳೆಯ ಗಂಡಂದಿರು ಇಂಥ ಹೊತ್ತಿನಲ್ಲಿ ಏನು ಮಾಡುತ್ತಾರೋ ನನಗೆ ತಿಳಿಯದು. ನಾನು ವಿಧಾನ ಪಾಲಿಸಿದೆ. ದಿನಾ ಬೆಳಿಗ್ಗೆ ಅವಳು ಅಡುಗೆಮನೆಯಲ್ಲಿ ಒಬ್ಬಳೇ ಕಾಫಿ ಕುಡಿಯುತ್ತಿರುವಾಗ ನಾನು ಗರಾಜಿನಲ್ಲಿ ಕೂತು ಅವಳ ಸಾವನ್ನು ಬರೆದೆ. ಮೊದಲನೆಯದು ಬರೀ ಅಳುಬುರುಕು. ನಾಲ್ಕನೆಯ ದಿನಕ್ಕೆ ಹಿಡಿತ ಬಂತು. ಏಳನೆಯ ಸಾವು ಬರೆದು ಮುಗಿಸಿದ ದಿನ, ಹೇಳಲು ನಾಚಿಕೆ, ಎರಡು ದೋಸೆ ಹೆಚ್ಚಿಗೆ ತಿಂದೆ. ನೋಟ್‌ಬುಕ್ಕನ್ನು ಬಚ್ಚಿಡಲೂ ಇಲ್ಲ. ಮಗಳಿಗೆ ಕನ್ನಡ ಕೇಳಿದರೆ ಅರ್ಥವಾಗುತ್ತದೆ, ಓದಲು ಬಾರದು. ಹಾಗಾಗಿ ಹ್ಯಾಮಿಲ್ಟನ್ನಿನಲ್ಲಿ ನಮ್ಮ ಲಿಪಿಗಿಂತ ಭದ್ರವಾದ ಬೀಗವಿಲ್ಲ ಎಂದು ನಂಬಿದ್ದೆ. ಮೈಸೂರಿನಲ್ಲಿ ಕನ್ನಡ ಎಂ.ಎ. ಮಾಡಿದವಳೊಬ್ಬಳು ಅದೇ ಮನೆಯಲ್ಲಿ ಇನ್ನೂ ಬದುಕಿರುವುದು ಮರೆತೇಹೋಗಿತ್ತು.

ಒಂಬತ್ತನೆಯ ದಿನ ಕೆಲಸದಿಂದ ಬಂದಾಗ ನೋಟ್‌ಬುಕ್ ಅವಳ ಮಡಿಲಲ್ಲಿತ್ತು.

"ರೀ, ಏಳನೇದು ಚೆನ್ನಾಗಿದೆ," ಎಂದಳು. "ಮೂರನೇದ್ರಲ್ಲಿ ನನ್ನನ್ನ ಸುಮ್‌ಸುಮ್ನೆ ಒಳ್ಳೆಯವಳು ಮಾಡಿದ್ದೀರ. ಸಾಯೋ ಹೊತ್ತಲ್ಲಿ ನಿಮ್ಮನ್ನ ಕ್ಷಮಿಸ್ತೀನಂತೆ. ಯಾಕೆ?"

ನಾನು ಬೂಟು ಬಿಚ್ಚಲು ಬಗ್ಗಿದೆ.

"ಅದಿರ್ಲಿ, ಐದನೇ ಸಾವಾದ್ಮೇಲೆ ಸಾರು ತಂದ್ಕೊಡ್ತಾಳಲ್ಲ, ಆ ಪದ್ಮ ಯಾರು?"

"ಕಾಲ್ಪನಿಕ ಕಣೆ."

"ಅವಳಿಗೆ ಅರ್ಧ ಪುಟ. ನಂಗೆ ನಾಲ್ಕು ಸಾಲು." ನಕ್ಕಳು. ನಗು ಅರ್ಧಕ್ಕೇ ನಿಂತಿತು. "ಒಂಬತ್ತು ದಿನ ಅಲ್ಲಿ ಕೂತು ನನ್ನನ್ನ ಕಳಿಸಿಕೊಟ್ರಿ. ನಾನು ಇಲ್ಲೇ ಇದ್ದೆ ಕಣ್ರೀ. ಒಂದು ದಿನ ಬಂದು ಪಕ್ಕದಲ್ಲಿ ಕೂರಬಾರದಿತ್ತಾ?"

ಹತ್ತನೆಯ ಬೆಳಿಗ್ಗೆ ಹೋಗಿ ಕೂತೆ. ಮೂರು ನೋಟ್‌ಬುಕ್ ತುಂಬಿಸಿದವನಿಗೆ ಆಡಲು ಒಂದು ಮಾತು ಸಿಗಲಿಲ್ಲ. ಕಾಫಿಗೆ ಸಕ್ಕರೆ ಸಾಲದು ಎಂದೆ. ಅವಳು ಎದ್ದು ಹಾಕಿಕೊಟ್ಟಳು. ಮಧ್ಯಾಹ್ನ ಆಸ್ಪತ್ರೆಯಲ್ಲಿ ಹೇಳಿದ್ದು ಕೆಟ್ಟ ಸುದ್ದಿಯೇ. ಮೊದಲು ಆಪರೇಷನ್, ಆಮೇಲಿನದು ಆಮೇಲೆ.

ಆಪರೇಷನ್ ದಿನ ಕಾಗದ, ಪೆನ್ನು ಏನೂ ಒಯ್ಯಲಿಲ್ಲ. ನಾಲ್ಕು ಗಂಟೆ ಎದುರಿನ ಗೋಡೆಯನ್ನೇ ನೋಡುತ್ತಿದ್ದೆ. ಅದರ ಬಣ್ಣ ಯಾವುದೆಂದು ಈಗ ಕೇಳಿದರೆ ಹೇಳಲಾರೆ. ಮಗಳು ಭುಜ ಅಲುಗಿಸಿ, "ಅಪ್ಪಾ, ಬ್ರೀದ್," ಎಂದಾಗ ಉಸಿರು ಬಿಟ್ಟೆ.

ಕೊನೆಗೆ ಅವಳನ್ನು ಹೊರಗೆ ತಂದರು. ಕೈ ಹಿಡಿದುಕೊಂಡು ಕೂತೆ. ಮಂಪರಿನಲ್ಲೇ ಕಣ್ಣು ಬಿಟ್ಟಳು.

"ಬರೆದ್ರಾ?"

"ಇಲ್ಲ ಕಣೆ. ಒಂದಕ್ಷರವೂ ತೋಚಲಿಲ್ಲ."

"ಹಾಗಾದ್ರೆ ಈ ಸಲ ನಿಜವಾಗ್ಲೂ ಹೆದರಿದ್ರಿ ಅನ್ನಿ," ಎಂದು ಮತ್ತೆ ಕಣ್ಣು ಮುಚ್ಚಿದಳು.

ಮಾತು ಎಷ್ಟು ಚೆನ್ನಾಗಿತ್ತೆಂದರೆ, ಅವಳ ಕೈಯನ್ನು ಮೆಲ್ಲಗೆ ಹಾಸಿಗೆಯ ಮೇಲಿಟ್ಟು, ನರ್ಸಮ್ಮನ ಹತ್ತಿರ ಒಂದು ಪೆನ್ನು ಕೇಳಲು ನಾನು ಎದ್ದೆ.