ನೂರಕ್ಕೆ ನೂರು ಮುದ್ದಪ್ಪ

ಬಿ.ಜಿ. ಕೆರೆಯಾಚೆಯ ಗುಡ್ಡದ ಬುಡದಲ್ಲೊಂದು ಹಟ್ಟಿ. ಅಲ್ಲಿನ ಮುದ್ದಪ್ಪನ ಕಷ್ಟಕ್ಕೆಲ್ಲ ಮೂಲ ಒಂದು ಕುರಿಮರಿ. ನನ್ನಿವಾಳದ ಕಡೆ ಈ ಕತೆ ಹೇಳುವವರು ಅದನ್ನು ಮೇಕೆಮರಿ ಎನ್ನುತ್ತಾರೆ, ಮಿಕ್ಕದ್ದರಲ್ಲಿ ವ್ಯತ್ಯಾಸವಿಲ್ಲ. ನಸುಕಿನ ಚಳಿಯಲ್ಲಿ ಮರಿ ಬಂಡೆಯ ಸಂದಿಗೆ ಸಿಕ್ಕಿಕೊಂಡಿತು. ಮುದ್ದಪ್ಪ ಕರಿ ಕಂಬಳಿಯನ್ನು ತಲೆಯಿಂದ ಬೆನ್ನಿನವರೆಗೆ ಕೊಪ್ಪೆ ಹಾಕಿಕೊಂಡು, ಅಂಬೆಗಾಲಿನಲ್ಲಿ ಒಳಗೆ ನುಗ್ಗಿ, ಅದನ್ನು ಎಳೆದು ತಂದ.

ಗುಡ್ಡದ ಗುಡಿಯೆದುರಿನ ಮರದ ಮೇಲಿನ ಹೊಸ ಕ್ಯಾಮೆರಾ ಅವನನ್ನು ಕಂಡಿತು. ಕರಡಿ ಬಂದರೆ ಊರನ್ನು ಎಚ್ಚರಿಸಲೆಂದು ಯಾವುದೋ ಕಂಪನಿಯವರು ಕಟ್ಟಿಹೋಗಿದ್ದ ಬುದ್ಧಿವಂತ ಯಂತ್ರವದು. ಮುದ್ದಪ್ಪ ಹಟ್ಟಿ ಮುಟ್ಟುವಷ್ಟರಲ್ಲಿ ಎಲ್ಲರ ಮೊಬೈಲುಗಳೂ ತಾಯಿ ತಪ್ಪಿಸಿಕೊಂಡ ಮರಿಗಳಂತೆ ಅರಚುತ್ತಿದ್ದವು.

“ಗುಡ್ಡಕ್ಕೆ ಯಾರೂ ಹೋಗಂಗಿಲ್ಲ!” ಪಂಚಾಯ್ತಿ ಮೆಂಬರ್ ತಿಪ್ಪೇರುದ್ರ ಕಟ್ಟೆಯ ಮೇಲಿಂದ ಕೂಗಿದ. “ನೂರಕ್ಕೆ ತೊಂಬತ್ತೆಂಟು ಪಾಲು ಕರಡಿ ಅಂತ ಬಂದೈತೆ.”

ಮುದ್ದಪ್ಪ ಫೋಟೋ ನೋಡಿದ. “ಲೇ ರುದ್ರ, ಇದು ನಾನು ಕಣಲೇ! ನನ್ನ ಕಂಬಳಿ!”

“ಹಂಗಾದ್ರೆ ಮಿಕ್ಕಿದ್ದ ಎರಡು ಪಾಲು ನೀನಿರಬೇಕು ಬಿಡು.”

ಕಟ್ಟೆಯೆಲ್ಲ ನಕ್ಕಿತು. ಮುದ್ದಪ್ಪನಿಗೆ ನಗು ಬರಲಿಲ್ಲ. ಗುಡ್ಡ ಬಿಟ್ಟರೆ ಅವನ ಕುರಿಗಳಿಗೆ ಬೇರೆ ಮೇವಿರಲಿಲ್ಲ; ರೊಪ್ಪದಲ್ಲಿ ಅವು ಆಗಲೇ ಬೇಲಿ ಕಡಿಯುತ್ತಿದ್ದವು. ಬೇರೆ ದಾರಿ ಕಾಣದೆ ಕಂಬಳಿ ಹೊದ್ದು, ಕಟ್ಟೆಯ ಮುಂದೆ ಅಂಬೆಗಾಲಿನಲ್ಲಿ ಓಡಾಡಿ ತೋರಿಸಿದ. ಗುಡಿಯ ಪೂಜಾರಿ ಚಿನ್ನಯ್ಯ ಅವನ ಸುತ್ತ ಒಂದು ಬಳಸು ಬಂದು, “ಚೆಂದಾಗೇನೋ ಮಾಡ್ತೀಯಪ್ಪ. ಆದ್ರೆ ಕರಡಿ ಇಷ್ಟು ಬಡಕಲು ಇರಲ್ಲ” ಎಂದು ತೀರ್ಪಿತ್ತ.

ಕೊನೆಗೆ ಮುದ್ದಪ್ಪನ ಗೋಳು ತಾಳಲಾರದೆ ಚಳ್ಳಕೆರೆಯಿಂದ ಯಂತ್ರದ ರಿಪೇರಿಯವನಾದ ಮಹಾಂತೇಶನನ್ನು ಕರೆಸಿದರು. ಅವನು ಕಂಬಳಿ ಹೊದ್ದ ಮುದ್ದಪ್ಪನನ್ನು ನಿಲ್ಲಿಸಿ, ಬಗ್ಗಿಸಿ, ತೆವಳಿಸಿ ಫೋಟೋ ಹಿಡಿದು ಯಂತ್ರಕ್ಕೆ ಪಾಠ ಹೇಳಿದ.

“ಇನ್ಮ್ಯಾಲೆ ಇದು ನಿಮ್ಮನ್ನ ಜನ್ಮದಾಗೆ ಮರೆಯಲ್ಲ ಬಿಡ್ರಿ, ಯಜಮಾನ್ರೆ.”

ಮೊಬೈಲುಗಳು ಒಟ್ಟಿಗೆ ಉಲಿದವು: ‘ಮುದ್ದಪ್ಪ. ಅಪಾಯವಿಲ್ಲ.’ ಮುದ್ದಪ್ಪ ಮದುಮಗನಂತೆ ಬೀಗಿ, ಕುರಿ ಹೊಡೆದುಕೊಂಡು ಗುಡ್ಡ ಹತ್ತಿದ. ಹೊತ್ತು ಮುಳುಗುವ ಮುನ್ನ ಇಳಿದು ಬಂದು, ಹೆಂಡತಿ ಮೂಗಮ್ಮನ ಎದುರು ಮುದ್ದೆ ಮುರಿಯುತ್ತ ಕುಳಿತ.

ಅಷ್ಟರಲ್ಲಿ ಚಿನ್ನಯ್ಯ ಬರಿದಾದ ಎಣ್ಣೆ ಗಡಿಗೆ ಹಿಡಿದು ನುಗ್ಗಿದ. ಹಿಂದೆ ಹಟ್ಟಿಗೆ ಹಟ್ಟಿಯೇ ಇತ್ತು.

“ದ್ಯಾವ್ರ ದೀಪದ ಎಣ್ಣೆ ನೆಕ್ಕೋಕೆ ನಿಂಗೇನೋ ಬಂದಿತ್ತು?”

ತಿಪ್ಪೇರುದ್ರ ಮೊಬೈಲು ಚಾಚಿದ. ಹೊತ್ತು ಮುಳುಗಿದ ಮೇಲೆ ಬಂದ ಫೋಟೋ. ಗಡಿಗೆಯೊಳಗೆ ಮೂತಿಯಿಟ್ಟ ದಪ್ಪನೆಯ ಕರಿ ಬೆನ್ನು. ಕೆಳಗೆ: ‘ಮುದ್ದಪ್ಪ. ನೂರಕ್ಕೆ ನೂರು. ಅಪಾಯವಿಲ್ಲ.’

“ಅಯ್ಯೋ, ಇದು ಕರಡಿ ಕಣ್ರಪ್ಪಾ! ಉಗುರು ನೋಡ್ರಿ!”

“ಉಗುರು ತೆಗೆಸ್ಕೋ ಅಂತ ನಾವು ಹೇಳ್ಬೇಕೇನ್ಲೇ?” ಎಂದ ತಿಪ್ಪೇರುದ್ರ. “ಬೆಳಿಗ್ಗೆ ಕರಡಿ ಅಂದ್ರೆ ‘ನಾನು’ ಅಂದೆ. ಈಗ ನೀನು ಅಂದ್ರೆ ‘ಕರಡಿ’ ಅಂತೀಯ. ಒಂದು ಮಾತಿಗೆ ನಿಲ್ಲಲೇ!”

ಅಲ್ಲೇ ತೀರ್ಮಾನವಾಯಿತು. ಕರಡಿಯೇ ಇಲ್ಲವೆಂದ ಮೇಲೆ ಗುಡ್ಡ ಎಲ್ಲರಿಗೂ ತೆರೆಯಿತು; ಮುದ್ದಪ್ಪನೊಬ್ಬನಿಗೆ ಗುಡ್ಡವೂ ಗುಡಿಯೂ ಮುಚ್ಚಿದವು.

ಮುದ್ದಪ್ಪ ಕೊನೆಯ ಆಸೆಯಿಂದ ಹೆಂಡತಿಯ ಕಡೆ ತಿರುಗಿದ. “ನೀನಾದ್ರೂ ಹೇಳೇ.”

ಮೂಗಮ್ಮ ಫೋಟೋವನ್ನು ಬಹಳ ಹೊತ್ತು ನೋಡಿದಳು. ಅವಳ ಕಣ್ಣು ತುಂಬಿಬಂತು. “ಸಾರಿನ ಒಗ್ಗರಣೆಗೆ ಎಣ್ಣೆ ಸಾಲ್ದು ಅಂತ ಒಂದು ಮಾತು ಅಂದಿದ್ರೆ ನಾನೇ ಹಾಕ್ತಿದ್ನಲ್ಲಯ್ಯಾ!” ಎನ್ನುತ್ತ, ಸಂಜೆಯಿಂದ ತಾನೇ ಹೊದ್ದು ಕುಳಿತಿದ್ದ ಆ ಕರಿ ಕಂಬಳಿಯ ಸೆರಗಿನಿಂದ ಕಣ್ಣೊರೆಸಿಕೊಂಡಳು.