ಪಿಲ್ಬೀಮರ ಅಂಗಳದ ಎಲ್ಲೆಕಲ್ಲು

ನಾರ್ಮನ್ ಪಿಲ್ಬೀಮ್ ಆ ಬೆಳಿಗ್ಗೆ ಸಮ್ಮಟಿಗೆ ಎತ್ತಿದ್ದು ಹೆಂಡತಿಗೋಸ್ಕರ. ಮ್ಯೂರಿಯಲ್‌ಗೆ ಸೊಂಟದ ಮೂಳೆಯ ಆಪರೇಷನ್ ಆಗಿತ್ತು. ಮಧ್ಯಾಹ್ನ ಆಸ್ಪತ್ರೆಯ ವ್ಯಾನಿನಲ್ಲಿ ಗಾಲಿಕುರ್ಚಿಯ ಸಮೇತ ಮನೆಗೆ ಬರುವವಳಿದ್ದಳು. ಗೇಟಿನಿಂದ ಬಾಗಿಲಿಗೆ ಹೋಗುವ ಕಾಲುದಾರಿಯೇ ಸಪೂರ, ಅದರ ಅಂಚಿಗೆ ಮೊಣಕಾಲೆತ್ತರದ ಒಂದು ಕಲ್ಲು ಬೇರೆ. ಹುಲ್ಲಿನ ಮೇಲೆ ಹೋದರೆ ಗಾಲಿ ಹೂತುಹೋಗುತ್ತದೆ, ಕಲ್ಲು ಅಲ್ಲಿರುವ ತನಕ ಕುರ್ಚಿ ಒಳಗೆ ಹೋಗುವ ಮಾತೇ ಇಲ್ಲ. ಕಲ್ಲು ಒಡೆದು, ಹಲಗೆ ಹಾಸಿ, ಅವಳು ಬರುವಷ್ಟರಲ್ಲಿ ದಾರಿ ಸರಿಮಾಡಬೇಕೆಂದು ಅವನು ಅಂಗಿಯ ತೋಳು ಮಡಚಿದ್ದ.

ಕಲ್ಲು ಅಂದೆ, ಆದರೆ ಅದು ಕಲ್ಲೂ ಅಲ್ಲ. ಮದುವೆಯಾದ ಹೊಸತರಲ್ಲಿ ಈ ಮನೆಗೆ ಬಂದಾಗ ನಾರ್ಮನ್ ಕಾಲುದಾರಿಗೆ ಸಿಮೆಂಟು ಹಾಕಿದ್ದ. ಮಿಕ್ಕಿದ್ದನ್ನು ತಳವಿಲ್ಲದ ಹಳೇ ಡಬ್ಬವೊಂದಕ್ಕೆ ಸುರಿದು ಅಲ್ಲೇ ನಿಲ್ಲಿಸಿದ, ಪೇಪರಿನವನ ಸೈಕಲ್ಲು ಹುಲ್ಲಿನ ಮೇಲೆ ಹತ್ತಬಾರದು ಅಂತ. ಸಿಮೆಂಟು ಹಸಿಯಿದ್ದಾಗ ಮನೆಯ ಬೆಕ್ಕು ಬಂದು ಅದರ ನೆತ್ತಿಯ ಮೇಲೆ ಕಾಲಿಟ್ಟು ಹೋಗಿತ್ತು. ಡಬ್ಬ ತುಕ್ಕು ಹಿಡಿದು ಉದುರಿತು, ಪಾಚಿ ಬೆಳೆಯಿತು, ಆಮೇಲೆ ಯಾರೂ ಅದರ ಸುದ್ದಿಗೆ ಹೋಗಲಿಲ್ಲ.

ಇಲ್ಲಿ ನಮ್ಮ ಬ್ರಾಕ್‌ಹರ್ಸ್ಟಿನ ವಿಷಯ ಒಂದಿಷ್ಟು ಹೇಳಲೇಬೇಕು. ನಗರ ಈ ಊರನ್ನು ನುಂಗಿ ತಲೆಮಾರುಗಳೇ ಕಳೆದವು. ಬಸ್ಸಿನ ಮೇಲೆ ನಗರದ ಹೆಸರು, ಕಸದ ಡಬ್ಬದ ಮೇಲೂ ನಗರದ ಹೆಸರು. ಆದರೂ ಇಲ್ಲಿಯವರು ಇದನ್ನು ಹಳ್ಳಿ ಎಂದೇ ಕರೆಯುತ್ತಾರೆ. ಪೂರ್ವಕ್ಕೆ, ಹಿಂದೆ ಗ್ಯಾಸ್ ಕಾರ್ಖಾನೆಯಿದ್ದ ಸ್ಟೋಕ್ಲಿ. ಬ್ರಾಕ್‌ಹರ್ಸ್ಟ್ ಎಲ್ಲಿ ಮುಗಿಯಿತು, ಸ್ಟೋಕ್ಲಿ ಎಲ್ಲಿ ಶುರುವಾಯಿತು ಎಂದು ಹೊರಗಿನವರಿಗೆ ತಿಳಿಯುವುದಿಲ್ಲ. ಎರಡೂ ಕಡೆ ಅದೇ ಕೆಂಪು ಇಟ್ಟಿಗೆಯ ಮನೆಗಳು, ಅದೇ ಕತ್ತರಿಸಿದ ಬೇಲಿಗಳು. ಇಲ್ಲಿಯವರಿಗೆ ಮಾತ್ರ ಅದು ಮಾನದ ಪ್ರಶ್ನೆ.

ಪಿಲ್ಬೀಮರದು ಮಿಲ್ ರಸ್ತೆಯ ಕಟ್ಟಕಡೆಯ ಮನೆ. ಅದು ಹಳ್ಳಿಗೆ ಸೇರಿದ್ದೋ ಅಲ್ಲವೋ ಯಾರೂ ತೀರ್ಮಾನಿಸಿರಲಿಲ್ಲ. ತೀರ್ಮಾನವಾಗದ್ದನ್ನು ಇಲ್ಲ ಎಂದೇ ತಿಳಿಯುವುದು ಇಲ್ಲಿಯ ಪದ್ಧತಿ. ಮ್ಯೂರಿಯಲ್ ವರ್ಷ ವರ್ಷವೂ ತಾನು ಬೆಳೆದ ಬಟಾಣಿಹೂವಿನ ಗೊಂಚಲನ್ನು ಹಳ್ಳಿಯ ಹೂವಿನ ಪ್ರದರ್ಶನಕ್ಕೆ ಒಯ್ಯುತ್ತಿದ್ದಳು. ಮೇಜಿನ ಹಿಂದೆ ಕೂತವರು ವರ್ಷ ವರ್ಷವೂ, ಇದು ಹಳ್ಳಿಯವರಿಗೆ ಮಾತ್ರವಲ್ಲವೇ ಎಂದು ಸಕ್ಕರೆಯಂಥ ನಗು ನಕ್ಕು ವಾಪಸು ಕಳಿಸುತ್ತಿದ್ದರು. ಅವಳು ಹೂವನ್ನು ತಂದು ಅಡುಗೆಮನೆಯ ಮೇಜಿನ ಮೇಲಿಡುತ್ತಿದ್ದಳು. ನಾರ್ಮನ್‌ಗೆ ಆ ಹೂವಿನ ಕಡೆ ನೋಡಲಾಗುತ್ತಿರಲಿಲ್ಲ.

ಸಮ್ಮಟಿಗೆ ಎತ್ತಿದ ಆ ದಿನವೇ ಊರಿನಲ್ಲಿ ಎಲ್ಲೆ ಬಡಿಯುವ ದಿನವಾಗಿರಬೇಕೇ? ಪ್ರತಿ ಮೇ ತಿಂಗಳಲ್ಲಿ ಸ್ಥಳೀಯ ಇತಿಹಾಸ ಸಂಘದವರು ಪಾದ್ರಿಗಳನ್ನು ಮುಂದಿಟ್ಟುಕೊಂಡು ಊರ ಗಡಿಯ ಸುತ್ತ ನಡೆಯುತ್ತಾರೆ. ಕೈಯಲ್ಲೊಂದು ವಿಲ್ಲೋ ಮರದ ಬೆತ್ತ. ಎಲ್ಲೆಕಲ್ಲು ಸಿಕ್ಕಲ್ಲೆಲ್ಲ ಅದನ್ನು ಬಾರಿಸಿ ಪ್ರಾರ್ಥನೆ ಹೇಳುವುದು ಅಜ್ಜ ಮುತ್ತಜ್ಜರ ಕಾಲದ ಕ್ರಮ. ಮೂಡಣ ದಿಕ್ಕಿನ ಕಲ್ಲು ಮಾತ್ರ ಎಂದೋ ಕಳೆದುಹೋಗಿತ್ತು. ಆ ಕಡೆ ಬಂದಾಗ ಅವರು ಬೇರೆ ದಾರಿ ಕಾಣದೆ ಮಿಲ್ ರಸ್ತೆಯ ಅಂಚೆ ಪೆಟ್ಟಿಗೆಯನ್ನು ಬಡಿದು ಸಮಾಧಾನ ಮಾಡಿಕೊಳ್ಳುತ್ತಿದ್ದರು.

ಅಂಚೆ ಪೆಟ್ಟಿಗೆಗೆ ಎರಡೇಟು ಕೊಟ್ಟು ತಿರುಗಿದ ಸಂಘದ ಅಧ್ಯಕ್ಷೆ ಮಿಸೆಸ್ ಆಕ್ಸ್‌ಟನ್ ಅವರ ಕಣ್ಣಿಗೆ ನಾರ್ಮನ್ ಬಿದ್ದ. ತಡೀರಿ, ತಡೀರಿ ಎನ್ನುತ್ತ ಅವರು ಗೇಟು ತಳ್ಳಿಕೊಂಡು ಒಳಗೆ ಬಂದು, ಒದ್ದೆ ಹುಲ್ಲಿನ ಮೇಲೆ ಮಂಡಿಯೂರಿ, ಕರವಸ್ತ್ರದಿಂದ ಪಾಚಿ ಒರೆಸಿದರು. ಬೆಕ್ಕಿನ ಹೆಜ್ಜೆ ಕಂಡಿತು.

"ನಾಲ್ಕು ಓಕ್ ಕಾಯಿ. ಹಳೇ ಮಠದವರು ಎಲ್ಲೆಕಲ್ಲಿಗೆ ಹಾಕಿಸ್ತಿದ್ದ ಮುದ್ರೆ ಇದು," ಎಂದರು. "ನಮ್ಮಪ್ಪ ಸಾಯೋ ತನಕ ಈ ಕಲ್ಲು ಹುಡುಕಿದ್ರು, ಮಿಸ್ಟರ್ ಪಿಲ್ಬೀಮ್." ಆಕೆಯ ಕಣ್ಣು ತುಂಬಿ ಬಂತು.

ನಾರ್ಮನ್ ಬಾಯಿ ತೆರೆದ. ಕಣ್ಣೀರಿಡುವ ಹೆಂಗಸಿಗೆ ಎದುರು ಮಾತಾಡುವುದು ನಮ್ಮಲ್ಲಿ ಹುಟ್ಟಿನಿಂದಲೇ ನಿಷಿದ್ಧ. ಹೀಗಾಗಿ ಅವನ ಬಾಯಿಂದ ಬಂದದ್ದು, "ಹೌದಾ? ಚಹಾ ಕುಡೀತೀರಾ?" ಎಂಬ ಮಾತು. ಎಲ್ಲ ಕೆಟ್ಟದ್ದು ಅಲ್ಲಿಯೇ.

ಅವನು ಚಹಾ ಮಾಡಿ ತರುವಷ್ಟರಲ್ಲಿ ಕಲ್ಲಿನ ಸುತ್ತ ಹಗ್ಗ ಕಟ್ಟಿಯಾಗಿತ್ತು. ನಿವೃತ್ತ ಭೂಮಾಪಕ ಮಿಸ್ಟರ್ ಹಬಲ್ ಅಳತೆಯ ಪಟ್ಟಿ ಬಿಚ್ಚಿ ಹುಲ್ಲಿನ ಮೇಲೆ ಬೋರಲು ಮಲಗಿದ್ದರು. ಪಾದ್ರಿಗಳು ಪ್ರಾರ್ಥನೆ ಮುಗಿಸಿದರು, ಬೆತ್ತಗಳು ಸರದಿಯ ಪ್ರಕಾರ ಒಂದರ ಹಿಂದೊಂದು ಕಲ್ಲನ್ನು ಬಾರಿಸಿದವು. ಎದುರು ಮನೆಯವರು ಬಂದರು, ಪಕ್ಕದ ಬೀದಿಯವರು ಬಂದರು. ಇಷ್ಟು ವರ್ಷ ಈ ಗೇಟು ದಾಟದವರೆಲ್ಲ ಪಿಲ್ಬೀಮರ ಲೋಟಗಳಲ್ಲಿ ಚಹಾ ಕುಡಿದು, ಬಿಸ್ಕತ್ತಿನ ಡಬ್ಬ ಖಾಲಿ ಮಾಡಿ, ನಾರ್ಮನ್‌ನ ಬೆನ್ನು ತಟ್ಟಿದರು.

ಹೊತ್ತು ಏರುತ್ತಿತ್ತು. ದಯವಿಟ್ಟು ತಪ್ಪು ತಿಳಿಯಬೇಡಿ, ಕಲ್ಲನ್ನು ಸ್ವಲ್ಪ ಈಚೆಗೆ ಸರಿಸಬಹುದೇ, ಹೆಂಡತಿ ಬರುವವಳಿದ್ದಾಳೆ ಎಂದು ನಾರ್ಮನ್ ಮೆಲ್ಲಗೆ ಕೇಳಿದ. ಚರ್ಚಿನ ಪೀಠವನ್ನೇ ಸರಿಸಲು ಹೇಳಿದ್ದರೂ ಅವರು ಅಷ್ಟು ಗಾಬರಿಯಾಗುತ್ತಿರಲಿಲ್ಲ. ಸರಿಸಿದರೆ ಅದು ಎಲ್ಲೆಕಲ್ಲು ಹೇಗಾದೀತು ಎಂದರು ಮಿಸ್ಟರ್ ಹಬಲ್. ಕೂಡಲೇ ಮ್ಯೂರಿಯಲ್‌ಳನ್ನು ಒಳಗೆ ಸಾಗಿಸುವ ಬಗೆ ಕುರಿತು ಸಭೆ ನಡೆಯಿತು. ಒಬ್ಬರು ಕಿಟಕಿಯ ಮೂಲಕ ಅಂದರು. ಇನ್ನೊಬ್ಬರು ಪಕ್ಕದವರ ಬೇಲಿ ಕತ್ತರಿಸೋಣ ಅಂದರು, ಪಕ್ಕದವರು ಕತ್ತರಿಸಬಾರದು ಅಂದರು. ಕಡೆಗೆ ಈ ವಿಷಯವನ್ನು ಮುಂದಿನ ತಿಂಗಳ ಸಭೆಗೆ ತರಬೇಕೆಂದು ಎಲ್ಲರೂ ಒಪ್ಪಿದರು.

ನಾರ್ಮನ್‌ನ ತಾಳ್ಮೆಗೂ ಒಂದು ಮಿತಿಯಿತ್ತು. "ಕ್ಷಮಿಸಿ, ಅದು ಕಲ್ಲಲ್ಲ. ಸಿಮೆಂಟು. ನಾನೇ ಮಾಡಿದ್ದು," ಎಂದುಬಿಟ್ಟ. "ಆ ಗುರುತು ಇದೆಯಲ್ಲ, ನಮ್ಮ ಬೆಕ್ಕಿನ ಕಾಲು."

ಮಿಸ್ಟರ್ ಹಬಲ್ ಕನ್ನಡಕ ಸರಿಮಾಡಿಕೊಂಡು, ಬೆಕ್ಕಿನ ಹೆಸರೇನು ಎಂದು ಕೇಳಿದರು. ನಾರ್ಮನ್ ತಡಬಡಾಯಿಸಿದ. ಬೆಕ್ಕಿನ ಬಣ್ಣ ನೆನಪಿತ್ತು, ಅದು ಕದ್ದು ತಿಂದ ಮೀನು ನೆನಪಿತ್ತು, ಹಾಳಾದ್ದು ಹೆಸರು ಮಾತ್ರ ನಾಲಿಗೆಗೆ ಬರಲಿಲ್ಲ. ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು.

ಮಿಸೆಸ್ ಆಕ್ಸ್‌ಟನ್ ಅವನ ತೋಳು ಹಿಡಿದು, "ಪಾಪ, ಹೆಂಡ್ತಿಗೋಸ್ಕರ ಮನುಷ್ಯ ಏನು ಬೇಕಾದ್ರೂ ಹೇಳ್ತಾನೆ. ನಾವ್ಯಾರೂ ಮನಸ್ಸಿಗೆ ಹಚ್ಚಿಕೊಳ್ಳಲ್ಲ ಬಿಡಿ," ಎಂದು ಸಂತೈಸಿದರು. ಸತ್ಯ ಹೇಳಿ ಕ್ಷಮೆ ಪಡೆದವನು ನಾರ್ಮನ್ ಒಬ್ಬನೇ ಇರಬೇಕು. ಇನ್ನು ಉಳಿದ ಭರವಸೆ ಮ್ಯೂರಿಯಲ್. ಸಿಮೆಂಟು ಸುರಿದಾಗ ಡಬ್ಬ ಹಿಡಿದುಕೊಂಡವಳು ಅವಳು, ಬೆಕ್ಕನ್ನು ಓಡಿಸಿದವಳೂ ಅವಳೇ. ಬಂದು ಒಂದು ಮಾತು ಹೇಳಿದರೆ ಮುಗಿಯಿತು.

ವ್ಯಾನು ಬಂತು. ಚಾಲಕ ಕುರ್ಚಿಯನ್ನು ಗೇಟಿನೊಳಗೆ ತಂದು, ಕಲ್ಲಿನ ಈಚೆಗೆ ನಿಲ್ಲಿಸಿ, ಮುಂದಿನ ರೋಗಿಗೆ ಹೊತ್ತಾಯಿತೆಂದು ಹೊರಟುಹೋದ. ನಾರ್ಮನ್ ಬಾಯಿ ತೆರೆಯುವ ಮೊದಲೇ ಮಿಸೆಸ್ ಆಕ್ಸ್‌ಟನ್ ಬಗ್ಗಿ ಅವಳ ಎರಡೂ ಕೈ ಹಿಡಿದರು. "ಮ್ಯೂರಿಯಲ್, ನಮ್ಮ ಹಳ್ಳಿ ನಿಮ್ಮ ಅಂಗಳದ ತನಕ ಬಂತು ನೋಡಿ," ಎಂದರು. ಆಕೆ ಅವಳನ್ನು ಹೆಸರು ಹಿಡಿದು ಕರೆದದ್ದು ಅದೇ ಮೊದಲು.

"ಮ್ಯೂರಿಯಲ್, ಇದು ಎಲ್ಲಿಂದ ಬಂತು ಅಂತ ಇವರಿಗೆ ಹೇಳು," ಎಂದ ನಾರ್ಮನ್.

ಮ್ಯೂರಿಯಲ್ ಕಲ್ಲನ್ನು ನೋಡಿದಳು. ಸುತ್ತ ನಿಂತವರನ್ನು, ಅವರ ಕೈಯಲ್ಲಿದ್ದ ತನ್ನ ಲೋಟಗಳನ್ನು ನೋಡಿದಳು. ಹೂವಿನ ಪ್ರದರ್ಶನದ ಮೇಜಿನ ಹಿಂದೆ ಕೂರುತ್ತಿದ್ದ ಮುಖಗಳು ಅವಳನ್ನೇ ನೋಡಿ ನಗುತ್ತಿದ್ದವು, ಈ ಸಲ ಸಕ್ಕರೆ ಕಡಿಮೆಯಿತ್ತು. ಅವಳ ಕೆನ್ನೆ ಕೆಂಪಾಯಿತು.

"ನಾವು ಈ ಮನೆಗೆ ಬಂದಾಗಲೇ ಇತ್ತು," ಎಂದಳು.

ಚಪ್ಪಾಳೆ ಬಿತ್ತು. ನಾರ್ಮನ್ ಹೊಸ್ತಿಲ ಮೇಲೆ ಕುಸಿದು ಕೂತ. ಕೋಪ ಬಂದಿತ್ತು, ಆದರೆ ಮದುವೆಯ ದಿನದ ನಂತರ ಅವಳ ಮುಖ ಅಷ್ಟು ಅರಳಿದ್ದನ್ನು ಅವನು ನೋಡಿರಲಿಲ್ಲ. ಹೋಗಲಿ, ಅವಳಿಗೆ ಊರು ಸಿಕ್ಕಿತಲ್ಲ ಎಂದುಕೊಂಡ.

ಅಷ್ಟರಲ್ಲಿ ಮಿಸ್ಟರ್ ಹಬಲ್ ದಾರ ಎಳೆದು ಮುಗಿಸಿದ್ದರು. ಉತ್ತರದ ಕಲ್ಲಿನಿಂದ ಈ ಕಲ್ಲಿಗೆ, ಇಲ್ಲಿಂದ ದಕ್ಷಿಣದ ಕಲ್ಲಿಗೆ ಗೆರೆ ಸರಿಯಾಗಿ ಕೂತಿದೆ ಎಂದು ಕೈ ಒರೆಸಿಕೊಂಡರು. ಕೆಮ್ಮಿದರು. ಗೇಟು, ಗುಲಾಬಿ ಗಿಡ, ಇಷ್ಟು ಹುಲ್ಲು ಬ್ರಾಕ್‌ಹರ್ಸ್ಟಿನದು. ಕಲ್ಲಿನಿಂದ ಆಚೆಗೆ, ಅಂದರೆ ಬಾಗಿಲು, ಅಡುಗೆಮನೆ, ಮಲಗುವ ಕೋಣೆ, ಹಿತ್ತಲು ಎಲ್ಲವೂ ಸ್ಟೋಕ್ಲಿ. ಈವರೆಗೆ ಇದ್ದ ಅನುಮಾನ ಇವತ್ತಿಗೆ ಬಗೆಹರಿಯಿತು, ನಕ್ಷೆಯಲ್ಲಿ ಖಾಯಂ ಮಾಡಿಸುತ್ತೇನೆ ಎಂದರು.

ಮಿಸೆಸ್ ಆಕ್ಸ್‌ಟನ್ ಮ್ಯೂರಿಯಲ್‌ಳ ಹೆಗಲ ಮೇಲೆ ಕೈಯಿಟ್ಟರು. "ನಮಗೆ ಮೊದಲಿಂದಲೂ ಹಾಗೇ ಅನ್ನಿಸ್ತಿತ್ತು ಕಣ್ರೀ. ಆದ್ರೂ ಕಲ್ಲು ನೋಡಿಕೊಳ್ಳೋರು ನೀವೇ," ಎಂದು, ಮುಂದಿನ ವರ್ಷವೂ ಚಹಾ ಇಂಥದ್ದೇ ಇರಲಿ ಎಂದು ನಾರ್ಮನ್‌ಗೆ ಹೇಳಿ, ಮೆರವಣಿಗೆಯನ್ನು ಚರ್ಚಿನ ಸಭಾಂಗಣದ ಊಟಕ್ಕೆ ಕರೆದೊಯ್ದರು. ಊಟ ಹಳ್ಳಿಯವರಿಗೆ ಮಾತ್ರ ಇತ್ತು.

ಅಂಗಳದಲ್ಲಿ ಇಬ್ಬರೇ ಉಳಿದರು. ಯಾರೂ ಇಲ್ಲ, ಈಗಲೇ ಒಡೆದುಬಿಡುತ್ತೇನೆ, ಅರ್ಧ ಗಂಟೆಯಲ್ಲಿ ನೀನು ಹಾಸಿಗೆಯಲ್ಲಿರುತ್ತೀಯ ಎಂದು ನಾರ್ಮನ್ ಎದ್ದ. ಅವಳು ಬೇಡವೆಂದು ತಲೆಯಾಡಿಸಿದಳು. ಕಣ್ಣಂಚು ಒದ್ದೆಯಾಗಿತ್ತು, ನಗುವೂ ಬರುತ್ತಿತ್ತು.

"ಚಹಾ ಇಲ್ಲಿಗೇ ತಾ ಮಾರಾಯ," ಎಂದಳು. "ಇನ್ನೊಂದು ಸ್ವಲ್ಪ ಹೊತ್ತು ಊರೊಳಗೆ ಕೂತಿರ್ತೀನಿ."

ನಾರ್ಮನ್ ಅವಳ ಮೊಣಕಾಲಿಗೆ ಕಂಬಳಿ ಹೊದೆಸಿ, ಕಲ್ಲು ದಾಟಿ ಸ್ಟೋಕ್ಲಿಗೆ ಹೋಗಿ ನೀರು ಕಾಯಲಿಟ್ಟ.