ಅರ್ಹತಾ ಸುತ್ತು ಮತ್ತು ಭೀಮಶಾನ ಕಾಯಿಲೆ

ಸಾಹೇಬರ ಕೋಣೆಯ ಬಾಗಿಲು ತಳ್ಳುವವರೆಗೂ ಪೀರಪ್ಪನಿಗೆ ಸುಳ್ಳು ಹೇಳುವ ಇರಾದೆ ಇರಲಿಲ್ಲ. ಅರ್ಧ ದಿನದ ರಜೆ ಬೇಕು, ಟಿವಿಯಲ್ಲಿ ಫುಟ್‌ಬಾಲ್ ಪಂದ್ಯ ಇದೆ ಎಂದು ನೆಟ್ಟಗೆ ಹೇಳಿಬಿಡಬೇಕೆಂದೇ ಹೋಗಿದ್ದ. ಆದರೆ ಅವನ ಮುಂದೆ ನಿಂತಿದ್ದ ಜವಾನ ತಂಗಿಯ ನಿಶ್ಚಯಕ್ಕೆ ರಜೆ ಕೇಳಿದ. "ನಿಶ್ಚಯ ನಿಂದೇನು? ಅಕಿದು. ಅಕಿ ತಗೊಳ್ಳಲಿ ರಜಾ" ಎಂದು ಸಾಹೇಬರು ಅವನನ್ನು ಅಟ್ಟಿದರು. ಅದನ್ನು ನೋಡಿದ ಪೀರಪ್ಪನ ನಾಲಿಗೆ ತಾನಾಗಿಯೇ ಹೊರಳಿತು.

"ಸರ್, ಕಮಲಾಪುರದಾಗ ನಮ್ಮ ಷಡ್ಡಕ ಇದ್ದಾನ್ರೀ, ಭೀಮಶಾ ಅಂತ. ಭಾಳ ಸೀರಿಯಸ್ ಆಗ್ಯಾನ್ರೀ."

ಮಾಳಿಂಗಪ್ಪ ಸಾಹೇಬರು ಕನ್ನಡಕದ ಮೇಲಿಂದ ನೋಡಿದರು. "ಸೀರಿಯಸ್ ಅಂದ್ರ ಎಷ್ಟು ಸೀರಿಯಸ್ರೀ?"

"ಮಧ್ಯಾಹ್ನ ಮೂರರ ಮ್ಯಾಲೆ ಗೊತ್ತಾಗ್ತದ್ರೀ" ಎಂದುಬಿಟ್ಟ ಪೀರಪ್ಪ. ಪಂದ್ಯ ಶುರುವಾಗುವುದು ಮೂರಕ್ಕೆ. ಸಾಹೇಬರು ಏನೋ ಆಪರೇಷನ್ ಇರಬೇಕೆಂದು ತಿಳಿದು ಸಹಿ ಹಾಕಿದರು.

ಅದು ಅಂತಿಂಥ ಪಂದ್ಯವಲ್ಲ. ಏಷ್ಯಾ ಖಂಡದ ಕ್ಲಬ್ಬುಗಳೆಲ್ಲ ಸೇರಿ ಆಡುವ ದೊಡ್ಡ ಪಂದ್ಯಾವಳಿ. ಅದರೊಳಕ್ಕೆ ಕಾಲಿಡಲು ಮೊದಲು ಅರ್ಹತಾ ಸುತ್ತು ಗೆಲ್ಲಬೇಕು. ಕಲಕತ್ತೆಯ ಕ್ಲಬ್ಬು ಪರದೇಶಕ್ಕೆ ಹೋಗಿ ಎರಡು-ಒಂದರಿಂದ ಸೋತು ಬಂದಿತ್ತು. ಈಗ ತನ್ನ ಮನೆಯಂಗಳದಲ್ಲಿ ಒಂದು ಗೋಲು ಹೊಡೆದು, ಎದುರಾಳಿಗೆ ಒಂದನ್ನೂ ಬಿಡದಿದ್ದರೆ ಸಾಕು. ಪರರ ನೆಲದಲ್ಲಿ ಹೊಡೆದ ಗೋಲಿಗೆ ತೂಕ ಹೆಚ್ಚಾದ್ದರಿಂದ ಸುತ್ತು ಪಾರು. ಕಾಲೇಜಿನಲ್ಲಿ ಆಡುತ್ತಿದ್ದ ದಿನಗಳಿಂದಲೂ ಪೀರಪ್ಪ ಆ ಕ್ಲಬ್ಬಿನ ಹುಚ್ಚ. ಓಣಿಯಲ್ಲಿ, ಆಫೀಸಿನಲ್ಲಿ, ಚಹಾದಂಗಡಿಯಲ್ಲಿ ಎಲ್ಲಿ ನೋಡಿದರೂ ಕ್ರಿಕೆಟ್ಟು, ಕ್ರಿಕೆಟ್ಟು ಎಂದು ಕೇಳಿ ಕೇಳಿ ಅವನಿಗೆ ಊರಿನ ಮೇಲೇ ಸಿಟ್ಟಿತ್ತು. ಅಪರೂಪಕ್ಕೆ ದೂರದರ್ಶನದವರು ಫುಟ್‌ಬಾಲ್ ತೋರಿಸುತ್ತಿದ್ದರು. ಮನೆಯಲ್ಲಿ ಹೆಂಡತಿ ಅನ್ನಮ್ಮ ಶೇಂಗಾ ಹುರಿದಿಟ್ಟಿದ್ದಳು. ಆಫೀಸಿದ್ದ ಕಲಬುರ್ಗಿಯ ಜಗತ್ ಸರ್ಕಲ್ಲಿನಿಂದ ಸೈಕಲ್ ತುಳಿದರೆ ಮನೆ ಹತ್ತಿರವೇ.

ಸೈಕಲ್ಲಿನ ಬೀಗ ತೆಗೆಯುವಷ್ಟರಲ್ಲಿ ಹೆಗಲ ಮೇಲೊಂದು ಕೈ ಬಿತ್ತು. ಪಕ್ಕದ ಮೇಜಿನ ವಹಾಬ್. ಯಾರ ಮನೆಯಲ್ಲಿ ಹಾಲು ಉಕ್ಕಿದರೂ ತನ್ನ ಕೈ ಸುಟ್ಟುಕೊಳ್ಳುವ ಮನುಷ್ಯ.

"ಪೀರಪ್ಪನೋರೆ, ಎಲ್ಲಾ ಕೇಳ್ದೆ. ಸೈಕಲ್ ಮ್ಯಾಲೆ ಕಮಲಾಪುರಕ್ಕ ಹೋಗ್ತೀರೇನು?"

"ಇಲ್ರೀ, ಮನೀಗಿ ಹೋಗಿ, ಆಮ್ಯಾಲೆ..."

"ಮನೀಗಿ ಎದಕ್ಕ? ಅಲ್ಲಿ ಮನುಷ್ಯಾ ಜೀವ ಹಿಡ್ಕೊಂಡು ನಿಮ್ಮ ಹಾದಿ ನೋಡ್ಲಾಕತ್ತಾನ! ಇರ್ರಿ, ನಾ ಸಾಹೇಬರಿಗಿ ಒಂದ್ ಮಾತು ಹೇಳಿ ಬಂದೆ."

ಪೀರಪ್ಪ ಬೇಡ ಎನ್ನುವ ಮೊದಲೇ ವಹಾಬ್ ಒಳಗೆ ಓಡಿದ. ಅಷ್ಟೇ ಬೇಗ ಹೊರಗೆ ಬಂದ. "ನಂಗೂ ರಜಾ ಸಿಕ್ತು. ಇಂಥಾ ಹೊತ್ತಿನ್ಯಾಗ ನಿಮ್ಮನ್ನ ಒಬ್ಬರನ್ನೇ ಬಿಟ್ಟರ ಅಲ್ಲಾ ಮೆಚ್ಚಂಗಿಲ್ಲ. ನಡೀರಿ."

ಪೀರಪ್ಪನ ಕಿವಿ ಬಿಸಿಯಾಯಿತು. ಬೈಯಬೇಕೆಂದರೆ ಬೈಯಲು ಏನಿದೆ? ಮನುಷ್ಯ ಉಪಕಾರ ಮಾಡುತ್ತಿದ್ದಾನೆ. ವಹಾಬನ ಲೂನಾ ಮೊಪೆಡ್ಡಿನ ಹಿಂದೆ ಕೂತು, ಅವನ ಬೆನ್ನನ್ನು ಗುದ್ದುವ ಆಸೆಯನ್ನು ಹಲ್ಲಿನಲ್ಲಿ ಕಡಿದು ಹಿಡಿದು, ಬಸ್ ಸ್ಟ್ಯಾಂಡಿಗೆ ಹೋದ. ಕಮಲಾಪುರದ ಮೇಲೆ ಹೋಗುವ ಹುಮನಾಬಾದಿನ ಬಸ್ಸು ಹೊರಡುವುದರಲ್ಲಿತ್ತು. ವಹಾಬ್ ಕಿಟಕಿಯಿಂದ ಟವೆಲ್ ಒಗೆದು ಸೀಟು ಹಿಡಿದ, ಟಿಕೆಟ್ ತಾನೇ ತೆಗೆಸಿದ, ಆಮೇಲೆ ಇಡೀ ಬಸ್ಸಿಗೆ ಕೇಳುವಂತೆ ನಿಟ್ಟುಸಿರು ಬಿಟ್ಟ.

"ಡ್ರೈವರ್ ಸಾಬ್, ಜರಾ ಜಲ್ದಿ ಹೊಡೀರಿ. ಇವರ ಷಡ್ಡಕಗ ಭಾಳ ಸೀರಿಯಸ್ ಅದ. ಮೂರರ ಒಳಗ ಮುಟ್ಟಬೇಕು."

ಮಾತು ಸೀಟಿನಿಂದ ಸೀಟಿಗೆ ದಾಟಿತು. ಕಪನೂರ ಬರುವಷ್ಟರಲ್ಲಿ ಭೀಮಶಾನಿಗೆ ಹೃದಯದ ಕಾಯಿಲೆ ಅಂಟಿಕೊಂಡಿತ್ತು. ಕಪನೂರ ದಾಟಿದ ಮೇಲೆ ಮೂತ್ರಪಿಂಡವೂ ಕೆಟ್ಟಿತು. ಕಮಲಾಪುರಕ್ಕೇ ಹೊರಟಿದ್ದ ಒಬ್ಬಳು ದಪ್ಪ ಹೆಂಗಸು ತಿರುಗಿ ಕೂತು, "ಯಾವ ಭೀಮಶಾ? ದುಂಡಮ್ಮನ ಗಂಡನೇನು? ಅಯ್ಯ, ನಾ ಅವರ ಬಾಜೂ ಮನಿ ಪುತಳಾಬಾಯಿ! ನಿನ್ನೆ ಸಂಜಿಗಿ ನಮ್ಮ ಕಟ್ಟೀ ಮ್ಯಾಲೆ ಕುಂತು ಮಿರ್ಚಿಭಜಿ ತಿಂದಾನ!" ಎಂದು ಗಲ್ಲಕ್ಕೆ ಕೈ ಹಚ್ಚಿದಳು.

"ಅದರಿಂದೇ ಆಗಿರಬೇಕ್ರೀ" ಎಂದ ವಹಾಬ್, ಗಡಿಯಾರ ನೋಡುತ್ತ.

ಪೀರಪ್ಪ ಕಿಟಕಿಯ ಸರಳು ಹಿಡಿದು ಕೂತ. ಸರಳು ಬಾಗಲಿಲ್ಲವೆಂಬುದೇ ಆಶ್ಚರ್ಯ. ಒಂದೇ ಸಮಾಧಾನವೆಂದರೆ ಭೀಮಶಾನ ಮನೆಯಲ್ಲೂ ಟಿವಿ ಇತ್ತು.

ಕಮಲಾಪುರದಲ್ಲಿ ಇಳಿದವನೇ, "ವಹಾಬ್, ನೀವು ಸಾವಕಾಶ ಬರ್ರಿ, ನನಗ ತಡೀಲಾಕ ಆಗವಲ್ದು" ಎಂದು ಓಟ ಕಿತ್ತ. ಭೀಮಶಾ ಪಡಸಾಲೆಯಲ್ಲಿ ಬನಿಯನ್ನಿನಲ್ಲಿ ಕೂತು, ಮುಂದೆ ಕೆಂಪು ಬಾಳೆಹಣ್ಣಿನ ಗೊನೆಯನ್ನೇ ಇಟ್ಟುಕೊಂಡು ಸುಲಿದು ಸುಲಿದು ತಿನ್ನುತ್ತಿದ್ದ. ಜಾತ್ರೆಯಲ್ಲಿ ಮಾರಬಹುದಾದ ಎತ್ತಿನಂತಿದ್ದ.

"ಅಣ್ಣಾ, ಮಲಕೋ!" ಎಂದ ಪೀರಪ್ಪ.

"ಯಾಕಲೇ?"

ಪೀರಪ್ಪ ಏದುಸಿರಿನಲ್ಲಿ ಎಲ್ಲ ಹೇಳಿದ. ಭೀಮಶಾನ ಮುಖ ಬಾಳೆಹಣ್ಣಿನ ಬಣ್ಣಕ್ಕೆ ತಿರುಗಿತು. "ನಿನ್ನ ಚೆಂಡಿನ ಆಟಕ್ಕ ನಾ ಸಾಯಬೇಕೇನಲೇ? ನಿಮ್ಮ ಅಪ್ಪನ್ನ ಯಾಕ ಸೀರಿಯಸ್ ಮಾಡ್ಲಿಲ್ಲ?"

"ಅಪ್ಪ ಹೋದ ವರ್ಷನೇ ತೀರಿಕೊಂಡಾನಲ್ಲ ಅಣ್ಣಾ, ಆಫೀಸಿಗಿ ಗೊತ್ತದ. ಕೈ ಮುಗೀತೀನಿ. ಸುಳ್ಳು ಹೊರಗ ಬಿದ್ದರ ನೌಕರಿ ಹೋಗ್ತದ. ನಿನ್ನ ಹೇಣ್ತಿ ತಂಗಿ ಬೀದಿಗಿ ಬರ್ತಾಳ!"

ತಂಗಿಯ ಮಾತು ಕಿವಿಗೆ ಬಿದ್ದದ್ದೇ ಒಳಗಿನಿಂದ ದುಂಡಮ್ಮ ಬಂದಳು. ಗಂಡನನ್ನು ಒಂದು ಮಾತೂ ಕೇಳದೆ ಮಂಚಕ್ಕೆ ಕೆಡವಿ, ಕೌದಿ ಹೊಚ್ಚಿ, ಹಣೆಗೆ ವಿಭೂತಿ ಬಳಿದು, ಬಾಯಲ್ಲಿ ಉಳಿದಿದ್ದ ಹಣ್ಣನ್ನು ನುಂಗಿಸಿದಳು. ವಹಾಬ್ ಒಳಗೆ ಬಂದಾಗ ಭೀಮಶಾ ಸಿಟ್ಟಿನಿಂದ ನರಳುತ್ತಿದ್ದ. ಬಹಳ ಚೆನ್ನಾಗಿ ನರಳುತ್ತಿದ್ದ.

ಮೂರು ಬಡಿಯಿತು. ಮಂಚದ ಎದುರಿಗೇ ಟಿವಿ, ಅದರ ಮರದ ಬಾಗಿಲು ಮುಚ್ಚಿತ್ತು. ಅದರ ಹಿಂದೆ ಕಲಕತ್ತೆಯಲ್ಲಿ ಚೆಂಡು ಉರುಳತೊಡಗಿರಬೇಕು. ಪೀರಪ್ಪ ಉಗುರು ಕಚ್ಚಿದ. ಪುತಳಾಬಾಯಿ ಆಗಲೇ ಓಣಿಗೆಲ್ಲ ಸುದ್ದಿ ಹಂಚಿದ್ದಳು. ಹೆಂಗಸರು ಬಂದರು, ಗಂಡಸರು ಬಂದರು. ಬಂದವರೆಲ್ಲ ಆರಿಸಿ ಆರಿಸಿ ಟಿವಿಯ ಮುಂದೆಯೇ ನಿಂತರು. ಯಾರೋ ಕಂಪೌಂಡರ್ ಅಮೋಘಸಿದ್ದನನ್ನು ಕರೆತಂದರು. ಅವನು ಏನೂ ಕೇಳದೆ ಸೂಜಿ ಕುದಿಸಿ, ಮಗ್ಗುಲು ಹೊರಳಿಸಿ ಚುಚ್ಚಿದ.

"ಅವ್ವಾ!" ಎಂದು ಕೂಗಿದ ಭೀಮಶಾ, ಕೌದಿಯೊಳಗಿನಿಂದಲೇ ಪೀರಪ್ಪನ ಕೈ ಹಿಡಿದು ಚಿವುಟಿದ. "ಕಲಬುರ್ಗಿಗಿ ಬಂದು ನಿನ್ನ ಕಾಲು ಮುರೀತೀನಿ ಮಗನ" ಎಂದು ಮೆಲ್ಲಗೆ ಹೇಳಿದ.

"ಏನಂತಾರ?" ಎಂದರು ಜನ.

"ನನ್ನ ಕೈ ಬಿಡಬ್ಯಾಡ ಅಂತಾನ್ರೀ" ಎಂದ ಪೀರಪ್ಪ. ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರು.

ಆಗ ವಹಾಬ್ ಎದ್ದು ನಿಂತ. "ನೋಡ್ರಿ, ರೋಗಿ ಮನಸು ಬ್ಯಾರೆ ಕಡಿ ಹೊರಳಬೇಕು. ಟಿವಿ ಹಾಕ್ರಿ."

ಪೀರಪ್ಪ ಕಿವಿಯನ್ನೇ ನಂಬಲಿಲ್ಲ. ಬೆಳಗಿನಿಂದ ಮೊದಲ ಸಲ ವಹಾಬನ ಮೇಲೆ ಪ್ರೀತಿ ಬಂತು.

ಪುತಳಾಬಾಯಿ ಒಪ್ಪಲಿಲ್ಲ. "ಸಾಯಾ ಮನುಷ್ಯಾನ ಮುಂದ ಟಿವಿ ಹಾಕ್ತಾರೇನ್ರೀ? ಭಜನಿ ಹಚ್ಚೋದು ಬಿಟ್ಟು?"

"ಅಕ್ಕಾ, ಫುಟ್‌ಬಾಲ್ ನಡೆದಿರ್ತದ ಈಗ. ಹಸಿರು ಮೈದಾನ. ಹಸಿರು ನೋಡಿದ್ರ ಜೀವಕ್ಕ ತಂಪು" ಎಂದು ವಹಾಬ್ ಹೋಗಿ ಟಿವಿಯ ಬಾಗಿಲು ತೆಗೆದೇಬಿಟ್ಟ. ಟಿವಿ ಕಪ್ಪು-ಬಿಳುಪಿನದು.

ಒಬ್ಬರಿಗೂ ಇನ್ನೂ ಗೋಲು ಇರಲಿಲ್ಲ. ಪೀರಪ್ಪ ಮಂಚದ ಕಾಲಿಗೆ ಆತು ಕೂತ. ಹೊಸದಾಗಿ ಬಂದವರು ಒಬ್ಬರಾದ ಮೇಲೊಬ್ಬರು ಅವನಿಗೂ ಟಿವಿಗೂ ನಡುವೆ ನಿಂತು, "ಹ್ಯಾಂಗಾಯ್ತ್ರೀ?" ಎಂದು ಕೇಳುವರು. "ಊಟ ಏನು ಮಾಡಿದ್ದ?" ಎನ್ನುವರು. ಕಲಕತ್ತೆಯವರ ಒಂದು ಹೊಡೆತ ಕಂಬಕ್ಕೆ ಬಡಿದದ್ದು ಅವನಿಗೆ ಒಬ್ಬ ಮುದುಕನ ಧೋತರದ ಸಂದಿಯಲ್ಲಿ ಕಂಡಿತು. ಪೀರಪ್ಪನ ಸಿಟ್ಟು ಒಗ್ಗರಣೆಯ ಸಾಸಿವೆಯಂತೆ ಸಿಡಿಯುತ್ತಿತ್ತು. ಬಾಯಿ ಬಿಟ್ಟರೆ ದುಃಖದ ಮನೆಯ ಮರ್ಯಾದೆ ಹೋಗುತ್ತಿತ್ತು.

ಕೌದಿಯೊಳಗೆ ಬೆವರುತ್ತಿದ್ದ ಭೀಮಶಾ ಬೇರೆ ದಾರಿಯಿಲ್ಲದೆ ಟಿವಿ ನೋಡುತ್ತಿದ್ದ. ಸ್ವಲ್ಪ ಹೊತ್ತಿಗೆ ನರಳುವುದು ನಿಂತಿತು. "ಕರೇ ಅಂಗಿಯವರು ನಮ್ಮವರೇನಲೇ?" ಎಂದು ಕೇಳಿದ. ಆಮೇಲೆ, "ಆ ಬೋಳಮಂಡಿಯವ ಎದಕ್ಕ ನಿಂತಾನ? ಓಡು ಅನ್ನು ಅವನಿಗಿ!" ಎಂದ. "ಸನ್ನಿ ಹಿಡೀತು" ಎಂದು ಪುತಳಾಬಾಯಿ ಎದೆ ಬಡಿದುಕೊಂಡಳು.

ಆಟ ಮುಗಿಯಲು ತುಸುವೇ ಉಳಿದಿತ್ತು. ಮೂಲೆಯಿಂದ ಚೆಂಡು ತೂರಿ ಬಂತು. ಬೋಳಮಂಡಿಯವನು ಹಾರಿ ಅದಕ್ಕೆ ತಲೆ ಕೊಟ್ಟ. ಬಲೆ ಅದುರಿತು.

"ಗೋಲ್!"

ಕೂಗಿದವರು ಮೂವರು. ಪೀರಪ್ಪ ನೆಲದಿಂದ ಹಾರಿದ. ಭೀಮಶಾ ಕೌದಿ ಒದ್ದು ಮಂಚದ ಮೇಲೆ ನಿಂತ. ಮೂರನೆಯವನು ವಹಾಬ್. ಅವನು ಟೊಪ್ಪಿಗೆಯನ್ನು ಮಾಳಿಗೆಯ ತೊಲೆಗೆ ತಾಗುವಂತೆ ಎಸೆದು, ಪೀರಪ್ಪನನ್ನು ಅಪ್ಪಿ ಗರಗರ ತಿರುಗಿಸುತ್ತಿದ್ದ.

ತಿರುಗುವುದು ನಿಂತ ಮೇಲೆ ಪೀರಪ್ಪ ಅವನನ್ನು ದುರುಗುಟ್ಟಿ ನೋಡಿದ. "ವಹಾಬ್, ನಿಮಗ ಫುಟ್‌ಬಾಲ್ ಗೊತ್ತದೇನು?"

"ಅರೆ, ನಾ ಈ ಕ್ಲಬ್ಬಿನ ದೀವಾನಾ ಭಾಯಿ! ನಮ್ಮ ಮನ್ಯಾಗ ಟಿವಿ ಎಲ್ಲದ? ನೀವು ಸಾಹೇಬರಿಗಿ 'ಮೂರರ ಮ್ಯಾಲೆ ಗೊತ್ತಾಗ್ತದ' ಅಂದಾಗೇ ನನಗ ತಿಳೀತು, ಇದು ಯಾವ ಕಾಯಿಲಿ ಅಂತ."

"ಹಂಗಿದ್ರ ನಮ್ಮ ಮನೀಗೇ ಬರ್ತೀನಿ ಅನ್ನಬೇಕಿಲ್ಲೇನ್ರೀ! ಇಷ್ಟು ದೂರ ಯಾಕ ಎಳಕೊಂಡು ಬಂದ್ರಿ ನನ್ನ?" ಎಂದ ಪೀರಪ್ಪ.

ವಹಾಬ್ ತಲೆ ಕೆರೆದುಕೊಂಡ. "ನನಗೂ ರಜಾ ಬೇಕಿತ್ತಲ್ರೀ. ನಿಮ್ಮ ಷಡ್ಡಕಗ ಸೀರಿಯಸ್ ಅಂದ್ರ ನನಗ್ಯಾಕ ಕೊಡ್ತಾರ? ಅದಕ್ಕ ಸಾಹೇಬರಿಗಿ, ಈಗ ಕಮಲಾಪುರದಿಂದ ನನಗ ಫೋನ್ ಬಂತು, ಅವರು ತೀರಿಕೊಂಡಾರ, ಪೀರಪ್ಪನೋರಿಗಿ ಇನ್ನೂ ಗೊತ್ತಿಲ್ಲ, ನಾ ಜೋಡಿ ಹೋಗಿ ಹಾದ್ಯಾಗ ಮೆಲ್ಲಕ ಹೇಳ್ತೀನಿ ಅಂದೆ. ಒಂದ್ ಹೊತ್ತು ಸುಮ್ಕಿರ್ರಿ, ಇನ್ನ ಎರಡ್ಮೂರು ನಿಮಿಷ ಆಟ ಅದ."

ಹೊರಗೆ ಜೀಪು ನಿಂತ ಸದ್ದಾಯಿತು. ಮಾಳಿಂಗಪ್ಪ ಸಾಹೇಬರು ರಜೆ ಕೊಡುವುದರಲ್ಲಿ ಜುಗ್ಗರು, ಸತ್ತವರ ಮಣ್ಣಿಗೆ ಹೋಗುವುದರಲ್ಲಿ ಮಾತ್ರ ಎಂದೂ ತಪ್ಪಿಸಿದವರಲ್ಲ. ಹಿಂದೆ ಇಬ್ಬರು ಜವಾನರು, ಕೈಯಲ್ಲಿ ದೊಡ್ಡ ಚೆಂಡುಹೂವಿನ ಹಾರ. ಚಪ್ಪಲಿ ಬಿಟ್ಟು, ತಲೆ ತಗ್ಗಿಸಿ, ಗಂಭೀರವಾಗಿ ಹೊಸ್ತಿಲು ದಾಟಿದ ಸಾಹೇಬರು ತಲೆಯೆತ್ತಿದರೆ, ಮಂಚದ ಮೇಲೆ ವಿಭೂತಿ ಬಳಿದುಕೊಂಡ ಒಬ್ಬ ಗಟ್ಟಿಮುಟ್ಟಾದ ಮನುಷ್ಯ ಬನಿಯನ್ನಿನಲ್ಲಿ ಕುಣಿಯುತ್ತಿದ್ದ.

"ಸತ್ತವರು ಯಾರ್ರೀ?" ಎಂದರು ಸಾಹೇಬರು.

"ಪರದೇಶದವರ್ರೀ!" ಎಂದ ಭೀಮಶಾ ಹಿಗ್ಗಿನಿಂದ. "ಒಂದೇ ಏಟಿಗಿ ಸತ್ತರು! ನಾ ಭೀಮಶಾ. ಬರ್ರಿ, ಕುಂದರ್ರಿ."

ಸಾಹೇಬರು ಭೀಮಶಾನನ್ನು ನೋಡಿದರು, ಟಿವಿ ನೋಡಿದರು, ಪೀರಪ್ಪನನ್ನು ನೋಡಿದರು. ಅವರ ಮೀಸೆ ಕಂಪಿಸಿತು. "ವಹಾಬ್, ಈ ಮನುಷ್ಯಾ ನಿಮಗೂ ಸುಳ್ಳು ಫೋನ್ ಮಾಡಿಸಿ ಕರಕೊಂಡು ಬಂದಾನೇನು?"

ವಹಾಬ್ ಟೊಪ್ಪಿಗೆ ಎತ್ತಿಕೊಂಡು ತಲೆ ತಗ್ಗಿಸಿ ನಿಂತ.

"ಸರ್, ಅವರೇ..." ಎಂದು ಪೀರಪ್ಪ ಬಾಯಿ ತೆರೆದ. ಅವರೇ ಏನು? ಸತ್ತಿದ್ದಾನೆಂದವನು ವಹಾಬ್ ಎನ್ನಲು ಹೋದರೆ, ಸಾಯುತ್ತಿದ್ದಾನೆಂದವನು ಯಾರು?

"ಪಾಪದ ಮನುಷ್ಯಾ, ರಜಾ ಹಾಕಿ ನಿಮ್ಮ ಜೋಡಿ ಬಂದಾನ. ಅವಗೂ ಮೋಸ ಮಾಡೀರಿ, ನನಗೂ ಮಾಡೀರಿ! ಇನ್ನ ಮುಂದ ನಿಮಗ ಯಾರು ಸತ್ತರೂ ರಜಾ ಇಲ್ಲ. ನೀವು ಸತ್ತರೂ ಇಲ್ಲ!" ಸಾಹೇಬರು ಸುತ್ತ ನೋಡಿ, ಹಾರ ಇಡಲು ಬೇರೆ ಜಾಗ ಕಾಣದೆ, ಅದನ್ನು ಪೀರಪ್ಪನ ಕೊರಳಿಗೇ ಒಗೆದರು. "ಬರ್ರಿ ವಹಾಬ್, ಜೀಪಿನ್ಯಾಗ ಬಿಡ್ತೀನಿ."

ವಹಾಬ್ ಹೋಗುತ್ತ ಹೋಗುತ್ತ ಹಿಂದೆ ತಿರುಗಿ, "ಉಳಿದದ್ದು ನೋಡಿ ನಾಳಿಗಿ ಹೇಳ್ರಿ" ಎಂದು ಕಣ್ಣಲ್ಲೇ ಸನ್ನೆ ಮಾಡಿದ.

ಜೀಪು ಹೋಯಿತು. ಟಿವಿಯ ಮುಂದೆ ಜನ ಗೋಡೆಯಂತೆ ನಿಂತಿದ್ದರು. "ಸರೀರಿ ಅಲ್ಲಿಂದ!" ಎಂದು ಪೀರಪ್ಪ ಅಬ್ಬರಿಸಿದ. ಇಡೀ ದಿನದ ಸಿಟ್ಟೆಲ್ಲ ಆ ಒಂದು ಕೂಗಿನಲ್ಲಿತ್ತು. ಜನ ಬೆದರಿ ಇಬ್ಭಾಗವಾದರು.

ಪರದೆಯ ಮೇಲೆ ಬಿಳಿ ಅಂಗಿಯವರು ಒಬ್ಬರ ಮೇಲೊಬ್ಬರು ಬಿದ್ದು ಉರುಳಾಡುತ್ತಿದ್ದರು. ಕಲಕತ್ತೆಯ ಗೋಲ್‌ಕೀಪರ್ ಬಲೆಯೊಳಗೆ ಮೊಣಕಾಲೂರಿ ಕೂತಿದ್ದ. ಒಂದು-ಒಂದು. ಸೀಟಿ ಕೂಗಿತು. ಅರ್ಹತಾ ಸುತ್ತು ಅಲ್ಲಿಗೆ ಮುಗಿಯಿತು.

"ಯಾಕಲೇ, ಏನಾಯ್ತು?" ಎಂದು ಮಂಚದ ಮೇಲಿಂದ ಭೀಮಶಾ ಕೇಳಿದ.

ಪೀರಪ್ಪ ಹಾರ ಹಾಕಿಕೊಂಡೇ ನೆಲಕ್ಕೆ ಕುಸಿದ. "ಹೋಯ್ತು ಅಣ್ಣಾ, ಎಲ್ಲಾ ಹೋಯ್ತು" ಎಂದ. ಕಣ್ಣಲ್ಲಿ ನೀರು ಬಂದೇಬಿಟ್ಟಿತು.

ಅದೇ ಆಗ ಹಿಂದಿನ ಓಣಿಯ ಮುದುಕಿ ಮಸ್ತಾನಬಿ ಕೋಲೂರಿಕೊಂಡು ಬಾಗಿಲಿಗೆ ಬಂದಳು. ಅವಳಿಗೆ ಕಣ್ಣು ಮಂಜು. ಹೂವಿನ ವಾಸನೆ ಬಂತು, ಹೋಯ್ತು ಎಂಬ ಮಾತು ಕೇಳಿಸಿತು. "ಹಾಯ್ ಅಲ್ಲಾ, ಹೋಗೇಬಿಟ್ಟನಾ ನಮ್ಮ ಭೀಮಶಾ!" ಎಂದು ಹೊಸ್ತಿಲ ಮೇಲೆ ಕೂತು ರಾಗ ತೆಗೆದಳು. ಹೊರಗೆ ಕಟ್ಟೆಯ ಮೇಲಿದ್ದ ಹೆಂಗಸರೆಲ್ಲ ಅದನ್ನು ಎತ್ತಿಕೊಂಡರು.

"ಯವ್ವಾ, ನಾ ಇಲ್ಲೇ ಇದ್ದೀನಿ, ಹೋಗಿಲ್ಲ!" ಎಂದು ಭೀಮಶಾ ಮಂಚದ ಮೇಲೆ ನಿಂತು ಕೂಗುತ್ತಲೇ ಇದ್ದ. ಅಳುವಿನ ಗದ್ದಲದಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ಬಂದವರೆಲ್ಲ ನೆಲದ ಮೇಲೆ ಬಿಕ್ಕುತ್ತಿದ್ದ ಪೀರಪ್ಪನ ಬೆನ್ನು ಸವರಿ, "ಷಡ್ಡಕ ಅಂದ್ರ ಹಿಂಗಿರಬೇಕು" ಎಂದು ತಮ್ಮತಮ್ಮಲ್ಲಿ ಮಾತಾಡಿಕೊಂಡರು.